ಗ್ರಹಣಕಾಲದ ಮೌನ: ಶಾಸನಗಳ ಓದಿನಲ್ಲಿ ಒಂದು ಕೊರತೆ

ಗ್ರಹಣವನ್ನು ಕುರಿತ ಕನ್ನಡದ ಮಾತಿನಲ್ಲಿ ಒಂದು ವಿಶೇಷವಿದೆ. ನಾಮಪದ ಸಂಸ್ಕೃತದ್ದು, ಕ್ರಿಯಾಪದಗಳು ಕನ್ನಡದವು: ಗ್ರಹಣ ‘ಹಿಡಿಯುತ್ತದೆ’, ಗ್ರಹಣ ‘ಬಿಡುತ್ತದೆ’. ಇವೆರಡರ ನಡುವಿನ ಅವಧಿಯನ್ನು ಸಂಪ್ರದಾಯವು ಮೌನಕ್ಕೆ ಮೀಸಲಿಟ್ಟಿದೆ. ಒಲೆ ಹೊತ್ತಿಸುವಂತಿಲ್ಲ, ಊಟವಿಲ್ಲ, ಲೌಕಿಕದ ಮಾತಿಲ್ಲ. ಇರುವುದು ಸ್ನಾನ, ಜಪ, ದಾನ. ಮರಳಿ ಮರಳಿ ಬರುವ ಈ ಆಕಾಶದ ಘಟನೆಯನ್ನು ನಮ್ಮ ಶಾಸನಗಳು ಹೇಗೆ ದಾಖಲಿಸಿವೆ, ಆ ಶಾಸನಗಳನ್ನು ಓದಿದ ವಿದ್ವತ್ತು ಏನನ್ನು ಕೇಳಿಸಿಕೊಳ್ಳಲಿಲ್ಲ ಎಂಬುದನ್ನು ಪುಣೆಯಲ್ಲಿ ಪ್ರಕಟವಾದ ಎರಡು ಗ್ರಂಥಗಳನ್ನು ಮುಂದಿಟ್ಟುಕೊಂಡು ಪರಿಶೀಲಿಸುವುದು ಈ ಟಿಪ್ಪಣಿಯ ಉದ್ದೇಶ.

ಕರ್ನಾಟಕದ ದಾನಶಾಸನಗಳಲ್ಲಿ ಗ್ರಹಣದ ಉಲ್ಲೇಖ ವಿರಳವಲ್ಲ. ಗದುಗಿನ ತ್ರಿಕೂಟೇಶ್ವರ ದೇವಾಲಯದ ವೀರಬಲ್ಲಾಳನ ಶಾಸನವನ್ನು ನಿದರ್ಶನವಾಗಿ ನೋಡಬಹುದು. ಅದರ ಕಾಲ ಶಕವರ್ಷ ೧೧೧೪, ಪರಿಧಾವಿ ಸಂವತ್ಸರ, ಮಾರ್ಗಶೀರ್ಷ ಹುಣ್ಣಿಮೆ, ಶನಿವಾರ, ಚಂದ್ರಗ್ರಹಣ, ಅಂದರೆ ಕ್ರಿ.ಶ. ೧೧೯೨ರ ನವೆಂಬರ್ ೨೧. ಇಂಥ ಶಾಸನಗಳಲ್ಲಿ ದೊರೆಯ ಬಿರುದುಗಳಿಗೆ ವಿಸ್ತಾರವಿದೆ, ದತ್ತಿಯ ವಿವರಕ್ಕೆ ಸ್ಥಳವಿದೆ, ದಾನವನ್ನು ಅಳಿದವರಿಗೆ ಶಾಪವಿದೆ. ಗ್ರಹಣಕ್ಕೆ ಮಾತ್ರ ಒಂದೇ ಪದ. ಚಂದ್ರ ಹೇಗೆ ಕಂದಿದ, ಊರು ಹೇಗೆ ಸ್ತಬ್ಧವಾಯಿತು ಎಂಬುದು ಅಲ್ಲಿ ಬರುವುದಿಲ್ಲ. ಅಲ್ಲಿ ಗ್ರಹಣವು ಅನುಭವವಲ್ಲ, ನಿಮಿತ್ತ.

ಈ ನಿಮಿತ್ತಕ್ಕೆ ಗಣಿತದ ಬೆಳಕು ತಂದವರಲ್ಲಿ ಶಂಕರ ಬಾಲಕೃಷ್ಣ ದೀಕ್ಷಿತರು ಪ್ರಮುಖರು. ೧೮೯೬ರಲ್ಲಿ ಪುಣೆಯಲ್ಲಿ ಅವರ ‘ಭಾರತೀಯ ಜ್ಯೋತಿಃಶಾಸ್ತ್ರ’ ಮರಾಠಿಯಲ್ಲಿ ಪ್ರಕಟವಾಯಿತು. ಅದೇ ವರ್ಷ ರಾಬರ್ಟ್ ಸೀವೆಲ್ಲರೊಡನೆ ಅವರು ರಚಿಸಿದ ‘ದಿ ಇಂಡಿಯನ್ ಕ್ಯಾಲೆಂಡರ್’ ಕೂಡ ಹೊರಬಂದಿತು. ಶಾಸನೋಕ್ತ ಗ್ರಹಣಗಳೆಲ್ಲ ಕಣ್ಣಿಗೆ ಕಂಡವೇ ಆಗಿರಬೇಕಿಲ್ಲ, ಪಂಚಾಂಗದ ಲೆಕ್ಕದಿಂದ ಮೊದಲೇ ಗೊತ್ತಾದವೂ ಇರಬಹುದು ಎಂಬ ಅವರ ವಾದ ಇಂದಿಗೂ ಗಮನಾರ್ಹ. ದಾನಕ್ಕೆ ಪೂರ್ವಸಿದ್ಧತೆ ಬೇಕು; ಮೋಡ ಮುಸುಕಿದರೂ ಮುಹೂರ್ತ ತಪ್ಪದು. ಗಣಿತದ ಶಕ್ತಿ ದೊಡ್ಡದು. ೧೯೮೦ರ ಫೆಬ್ರವರಿ ೧೬ರಂದು ಅಂಕೋಲಾ, ಹುಬ್ಬಳ್ಳಿ, ಗದಗ, ರಾಯಚೂರುಗಳನ್ನು ಹಗಲಿನಲ್ಲೇ ಕತ್ತಲೆಗೊಳಿಸಿದ ಖಗ್ರಾಸ ಸೂರ್ಯಗ್ರಹಣದ ಸರಣಿಯೇ ಮೂರು ಆವರ್ತಗಳ ಬಳಿಕ, ೨೦೩೪ರ ಮಾರ್ಚ್ ೨೦ರಂದು, ಭಾರತದ ಉತ್ತರದ ತುದಿಯನ್ನು ಹಾಯಲಿದೆ ಎಂದು ಅದು ಹೇಳಬಲ್ಲದು. ಆದರೆ ಕತ್ತಲೆಯಲ್ಲಿ ಯಾರು ಬಾಗಿಲ ಒಳಗಿದ್ದರು, ಯಾರು ಹೊರಗಿದ್ದರು ಎಂಬುದು ಗಣಿತದ ಪ್ರಶ್ನೆಯಲ್ಲ.

ಎರಡನೆಯ ಗ್ರಂಥ ಜಿ.ಎಸ್. ಗಾಯಿ ಅವರದು. ಎಂಟರಿಂದ ಹತ್ತನೆಯ ಶತಮಾನದವರೆಗಿನ ಕನ್ನಡ ಶಾಸನಗಳನ್ನೇ ಆಧರಿಸಿ ಅವರು ರಚಿಸಿದ ಹಳಗನ್ನಡದ ಚಾರಿತ್ರಿಕ ವ್ಯಾಕರಣವನ್ನು ಪುಣೆಯ ಡೆಕ್ಕನ್ ಕಾಲೇಜು ೧೯೪೬ರಲ್ಲಿ ಪ್ರಕಟಿಸಿತು. ಹೊರನಾಡಿನಲ್ಲಿ ನಡೆದ ಕನ್ನಡ ಸಂಶೋಧನೆಯ ಉತ್ತಮ ಫಲಗಳಲ್ಲಿ ಇದೊಂದು. ದೀಕ್ಷಿತರಿಗೆ ಶಾಸನವು ಕಾಲದ ಸಾಕ್ಷಿಯಾದರೆ ಗಾಯಿಯವರಿಗೆ ರೂಪದ ಸಾಕ್ಷಿ. ಎರಡೂ ಓದುಗಳು ತಮ್ಮ ಮಿತಿಯಲ್ಲಿ ನಿರ್ದುಷ್ಟವಾಗಿವೆ. ಆ ಮಿತಿಯನ್ನೇ ಶಾಸ್ತ್ರದ ಎಲ್ಲೆಯೆಂದು ಒಪ್ಪಿಕೊಂಡವರು ಅವರ ನಂತರದ ನಾವು.

ಏಕೆಂದರೆ ಗ್ರಹಣಕಾಲ ಪೂರ್ಣ ನಿಶ್ಶಬ್ದವಾಗಿರಲಿಲ್ಲ. ಪುಣೆಯೂ ಸೇರಿದಂತೆ ಮಹಾರಾಷ್ಟ್ರದ ಊರುಪೇಟೆಗಳಲ್ಲಿ, ಮನೆಗಳು ಮೌನವಾಗಿದ್ದ ಆ ಹೊತ್ತಿನಲ್ಲಿ, ಬೀದಿಯಿಂದ ಒಂದು ಕೂಗು ಕೇಳುತ್ತಿತ್ತು. ದಾನ ಕೊಡಿರಿ, ಗ್ರಹಣ ಬಿಡಲಿ ಎಂಬುದು ಅದರ ಅರ್ಥ. ಕೂಗುತ್ತಿದ್ದವರು ಮಹಾರ, ಮಾಂಗ ಸಮುದಾಯಗಳವರು. ಶಾಸನದ ದಾನವೂ ಇಲ್ಲಿಯ ದಾನವೂ ಒಂದೇ ಶಬ್ದ, ಒಂದೇ ನಿಮಿತ್ತ. ಆದರೆ ಒಂದು ಭೂಮಿಯಾಗಿ ಕಲ್ಲಿನಲ್ಲಿ ನಿಂತಿತು. ಇನ್ನೊಂದು ಹಿಡಿ ಧಾನ್ಯವಾಗಿ, ಹಳೆಯ ಬಟ್ಟೆಯಾಗಿ ಸೆರಗಿಗೆ ಬಿದ್ದು ಮರೆಯಾಯಿತು. ಹಬ್ಬ ವ್ರತಗಳ ನೆಪದಲ್ಲಿ ರೈತರಿಂದ ಸಲ್ಲುವ ದಾನದಕ್ಷಿಣೆಗಳನ್ನು ಪಟ್ಟಿ ಮಾಡಿ ಪ್ರಶ್ನಿಸಿದ ಪುಣೆಯ ಜೋತಿರಾವ್ ಫುಲೆಯವರ ‘ಶೇತಕರ್‍ಯಾಚಾ ಅಸೂಡ’ (೧೮೮೩) ದೀಕ್ಷಿತರ ಗ್ರಂಥಕ್ಕಿಂತ ಹದಿಮೂರು ವರ್ಷ ಹಿಂದಿನದು. ಆದರೂ ಈ ಎರಡು ಕೃತಿಗಳನ್ನು ಜೊತೆಗಿಟ್ಟು ಓದುವುದು ನಮ್ಮ ಶಾಸನಾಭ್ಯಾಸದ ಕ್ರಮವಾಗಲಿಲ್ಲ.

ಇಲ್ಲೊಂದು ಎಚ್ಚರಿಕೆಯೂ ಅಗತ್ಯ. ೧೯೨೭ರ ಮಹಾಡ ಪರಿಷತ್ತಿನಲ್ಲಿ ಡಾ. ಅಂಬೇಡ್ಕರ್ ಅವರು ಹೀನಾಯದ ವೃತ್ತಿಗಳನ್ನೂ ಎಂಜಲನ್ನೂ ತ್ಯಜಿಸಿರೆಂದು ಕರೆಯಿತ್ತರು. ಆ ಚಳವಳಿಯ ಹಾದಿಯಲ್ಲಿ ಗ್ರಹಣದ ಬೇಡಿಕೆಯನ್ನು ಬಿಟ್ಟವರ ಮೌನವು ಶಾಸ್ತ್ರವಿಧಿಯ ಮೌನವಲ್ಲ, ಅದು ನಿರಾಕರಣೆ. ಕೂಗು ನಿಂತಿತೆಂದು ಹಳಹಳಿಸಿ ಅದನ್ನು ಜಾನಪದದ ನಷ್ಟವೆಂದು ಬರೆಯುವ ಸಂಗ್ರಹಕಾರನು ಈ ವ್ಯತ್ಯಾಸವನ್ನು ಅರಿಯಬೇಕು. ಕೂಗನ್ನು ದಾಖಲಿಸುವುದು ಎಷ್ಟು ಅವಶ್ಯವೋ ಅದು ಏಕೆ ನಿಂತಿತು ಎಂಬುದನ್ನು ದಾಖಲಿಸುವುದೂ ಅಷ್ಟೇ ಅವಶ್ಯ.

ಆದುದರಿಂದ ಗ್ರಹಣಶಾಸನಗಳ ಸೂಚಿಯಲ್ಲಿ ತಿಥಿ, ದೊರೆ, ದತ್ತಿಗಳ ಜೊತೆಗೆ ಆಯಾ ಊರಿನ ಗ್ರಹಣಾಚರಣೆಯ ಮೌಖಿಕ ನೆನಪುಗಳಿಗೂ ಒಂದು ಅಂಕಣವಿರಬೇಕೆಂದು ನಾವು ಸೂಚಿಸುತ್ತೇವೆ. ಕನ್ನಡ ಶಾಸನಗಳೂ ಮರಾಠಿ ಬೀದಿಯೂ ಕೂಡಿರುವ ಸೊಲ್ಲಾಪುರ, ಸಾಂಗಲಿ, ಕೊಲ್ಲಾಪುರ ಜಿಲ್ಲೆಗಳಲ್ಲಿ ಈ ಕೆಲಸ ಮೊದಲಾಗುವುದು ಉಚಿತ. ಕೂಗನ್ನು ಕೇಳಿದವರು ಮಾತ್ರವಲ್ಲ, ಕೂಗಿದವರೂ ಕೂಗಲು ಒಲ್ಲೆನೆಂದವರೂ ಅದರಲ್ಲಿ ಮಾತನಾಡಬೇಕು.