ಅನುಕೂಲ ಯಾರಿಗೆ? – ಎರಡು ಜಪಾನಿ ಪ್ರೇಮಕಥೆಗಳು

ವೈದ್ಯವೃತ್ತಿಯಲ್ಲಿದ್ದಷ್ಟೂ ಕಾಲ ನಾನು ಮತ್ತೆ ಮತ್ತೆ ಕೇಳಿದ ಮಾತೊಂದಿದೆ: "ಒಂದು ಮದುವೆ ಮಾಡಿಬಿಟ್ಟರೆ ಎಲ್ಲಾ ಸರಿಹೋಗುತ್ತೆ ಅಲ್ವಾ ಡಾಕ್ಟ್ರೇ?" ಕೇಳುತ್ತಿದ್ದವರು ಮನಸ್ಸಿನ ಕಾಯಿಲೆಯಿದ್ದ ಮಕ್ಕಳ ತಂದೆತಾಯಂದಿರು. ಒಂದೆರಡು ಸಲ ನಾನು ಬೇಡವೆನ್ನದೆ ಸುಮ್ಮನಿದ್ದೆ. ನಿವೃತ್ತಿಯ ನಂತರ ಕಾವೊರಿ ಎಕುನಿ ಅವರ 'ಕಿರಾ ಕಿರಾ ಹಿಕಾರು' (1991) ಕಾದಂಬರಿಯನ್ನು ಇಂಗ್ಲಿಷ್ ಅನುವಾದದಲ್ಲಿ ಓದುವಾಗ ಆ ಮೌನ ಚುಚ್ಚಿತು.

ನಾಯಕಿ ಶೋಕೊ ಅನುವಾದಕಿ. ಕುಡಿತವಿದೆ, ಮನಸ್ಸು ಸ್ಥಿಮಿತದಲ್ಲಿಲ್ಲ. ಮದುವೆಯಾದರೆ ನೆಟ್ಟಗಾದೀತು ಎಂಬ ಸಲಹೆ ಅವಳಿಗೂ ಸಿಕ್ಕಿದೆ. ಗಂಡ ಮುತ್ಸುಕಿ ವೈದ್ಯ, ಸಲಿಂಗಪ್ರೇಮಿ. ಕೋನ್ ಎಂಬ ವಿದ್ಯಾರ್ಥಿ ಅವನ ಪ್ರಿಯಕರ. ನಮ್ಮ ಹೆಣ್ಣು ನೋಡುವ ಶಾಸ್ತ್ರದಂಥ 'ಒಮಿಯಾಯ್'ನಲ್ಲಿ ಭೇಟಿಯಾದ ಇವರು ಒಬ್ಬರ ಗುಟ್ಟು ಒಬ್ಬರಿಗೆ ತಿಳಿದೇ ಮದುವೆಯಾಗುತ್ತಾರೆ. ರಾತ್ರಿ ಅವನು ನಕ್ಷತ್ರ ನೋಡುತ್ತಿದ್ದರೆ ಅವಳು ಹಾಸಿಗೆಯ ಹೊದಿಕೆಗೆ ಇಸ್ತ್ರಿ ಹಾಕಿ ಅವನಿಗಾಗಿ ಬೆಚ್ಚಗಿಡುತ್ತಾಳೆ. ದೇಹಸಂಬಂಧವಿಲ್ಲದ ಆ ದಾಂಪತ್ಯದ ಪ್ರೀತಿಯೆಲ್ಲ ಆ ಇಸ್ತ್ರಿಪೆಟ್ಟಿಗೆಯಲ್ಲಿದೆ.

ಗಂಡಹೆಂಡಿರ ನಡುವೆ ಸುಳ್ಳಿಲ್ಲ. ಸುಳ್ಳಿರುವುದು ಎರಡು ಕುಟುಂಬಗಳ ನಡುವೆ. ಹುಡುಗನ ಮನೆಯವರಿಗೆ ಗೊತ್ತು, ಹುಡುಗಿಯ ಮನೆಯವರಿಗೆ ಗೊತ್ತಿಲ್ಲ. ಮೇಲೆ, ಮಗು ಯಾವಾಗ ಎಂಬ ಒತ್ತಾಯ. ಕೃತಕ ಗರ್ಭಧಾರಣೆಯ ಮಾತೂ ಬರುತ್ತದೆ. ಶೋಕೊ ಕುಸಿಯುವುದು ಕಾಯಿಲೆಗಿಂತ ಹೆಚ್ಚಾಗಿ ಈ ಒತ್ತಡದಿಂದ ಎಂದು ನನ್ನ ವೈದ್ಯದೃಷ್ಟಿಗೆ ಕಾಣುತ್ತದೆ. ಕಾದಂಬರಿಯ ಕೊರತೆಯೂ ಇಲ್ಲಿದೆ: ಭಾಷೆ ಎಷ್ಟು ಹಗುರವೆಂದರೆ, ಅವಳ ಕುಡಿತದ ಅಪಾಯ ಮುದ್ದಾದ ಹುಚ್ಚಾಟದಂತೆ ತೋರುತ್ತದೆ.

ತ್ಸುನಾಮಿ ಉಮಿನೊ ಅವರ 'ನಿಗೆಹಾಜಿ' ಚಿತ್ರಕಥೆ 2012ರಲ್ಲಿ ಶುರುವಾಗಿ, 2016ರಲ್ಲಿ ಟಿವಿ ಧಾರಾವಾಹಿಯಾಗಿ ಮನೆಮಾತಾಯಿತು. ಕೆಲಸ ಕಳೆದುಕೊಂಡ ಮಿಕುರಿ, ಹಿರಾಮಾಸನ ಮನೆಗೆಲಸಕ್ಕೆ ಸೇರಿ, ಸಂಬಳದ ಕರಾರಿನ ಮೇಲೆ ಅವನ 'ಹೆಂಡತಿ'ಯಾಗುತ್ತಾಳೆ. ಮುಂದೆ ಪ್ರೀತಿ ಹುಟ್ಟಿ, ನಿಜವಾಗಿ ಮದುವೆಯಾದರೆ ಸಂಬಳವೂ ಉಳಿಯುತ್ತದೆಂದು ಅವನು ಲೆಕ್ಕ ಹಾಕಿದಾಗ ಅವಳು ಸಿಡಿದೇಳುತ್ತಾಳೆ. ಪ್ರೀತಿಯ ಹೆಸರಿನಲ್ಲಿ ದುಡಿಮೆಯನ್ನು ಪುಕ್ಕಟೆ ಪಡೆಯುವುದು ಶೋಷಣೆಯೆಂಬುದು ಅವಳ ವಾದ. ನಮ್ಮ ಎಷ್ಟು ಮನೆಗಳ ಅಡುಗೆಮನೆಗೆ ಈ ಮಾತು ತಾಗುವುದಿಲ್ಲ!

ತ್ರಿವೇಣಿಯವರ 'ಶರಪಂಜರ'ದ ಕಾವೇರಿಯನ್ನು ಇವರ ಪಕ್ಕದಲ್ಲಿ ನಿಲ್ಲಿಸಿ ನೋಡಿ. ಅವಳದು ಎಲ್ಲರೂ ಮೆಚ್ಚಿದ ಮದುವೆ. ಆದರೂ ಚಿಕಿತ್ಸೆ ಪಡೆದು ಮರಳಿದವಳನ್ನು ಗಂಡನಾಗಲೀ ಊರಾಗಲೀ ಒಪ್ಪಲಿಲ್ಲ. ಶೋಕೊಳಿಗೆ ಸಿಕ್ಕದ್ದು ಊರು ಒಪ್ಪದ ಸಂಬಂಧ, ಆದರೆ ಅವಳನ್ನು ಇದ್ದಂತೆಯೇ ಒಪ್ಪಿದ ಗಂಡ.

ಅನುಕೂಲದ ಮದುವೆ ತಪ್ಪೇ? ಇಬ್ಬರಿಗೂ ಕರಾರು ತಿಳಿದಿದ್ದರೆ ಅಲ್ಲವೆಂದೇ ಈ ಕಥೆಗಳು ಹೇಳುತ್ತವೆ. ಒಬ್ಬರಿಗೆ ಮಾತ್ರ ತಿಳಿದಿದ್ದರೆ ಅದು ಮೋಸ. ಹೊರದೇಶದಲ್ಲಿರುವ ನಾವು ಮಕ್ಕಳಿಗೆ ಸಂಬಂಧ ಹುಡುಕುವಾಗ ಜಾತಕ, ವೀಸಾ, ಸಂಬಳ ಎಲ್ಲ ವಿಚಾರಿಸುತ್ತೇವೆ. ಮಕ್ಕಳು ಹೇಳಲಾಗದೆ ನುಂಗಿಕೊಂಡದ್ದನ್ನು ಮಾತ್ರ ಕೇಳುವುದಿಲ್ಲ. ಅಂದು ಆ ತಂದೆತಾಯಂದಿರಿಗೆ ನಾನು ಹೇಳಬೇಕಿದ್ದುದು ಇಷ್ಟೇ: ಮದುವೆ ಔಷಧಿಯಲ್ಲ, ಮೊದಲು ಮಗುವಿನ ಮಾತು ಕೇಳಿ.