ಸ್ಕಾಟ್ಲೆಂಡಿನ ಜನಸಾಮಾನ್ಯರ ಚರಿತ್ರೆ: ಮೂರು ಗ್ರಂಥಗಳ ವಿಮರ್ಶೆ

ಇತಿಹಾಸವೆಂಬ ಶಬ್ದವನ್ನು ನಮ್ಮ ಹಿರಿಯರು ಇತಿ, ಹ, ಆಸ ಎಂದು ಬಿಡಿಸಿ, ‘ಹೀಗೆ ಇದ್ದಿತಷ್ಟೆ’ ಎಂದು ಅರ್ಥ ಹೇಳುತ್ತಿದ್ದರು. ಹೀಗೆ ಇದ್ದವರು ಯಾರು, ಹೀಗೆ ಇದ್ದರೆಂದು ಹೇಳಿದವರು ಯಾರು ಎಂಬ ಎರಡು ಪ್ರಶ್ನೆಗಳು ಆ ಶಬ್ದದಲ್ಲಿಯೇ ಅಡಗಿವೆ. ಅರಸರ ಚರಿತ್ರೆಯಲ್ಲಿ ಇವು ಅಷ್ಟಾಗಿ ಬಾಧಿಸುವುದಿಲ್ಲ. ಅರಸನಿಗೆ ಶಾಸನವುಂಟು, ಆಸ್ಥಾನದ ಕವಿಯುಂಟು, ಶತ್ರುಪಕ್ಷದ ಲೇಖಕನೂ ಉಂಟು. ಒಬ್ಬನು ಮುಚ್ಚಿದುದನ್ನು ಇನ್ನೊಬ್ಬನು ತೆರೆಯುವನು. ಉತ್ತು ಬಿತ್ತುವವನಿಗೆ, ಮಗ್ಗದ ಮುಂದೆ ಕುಳಿತವನಿಗೆ, ಗಣಿಯಿಂದ ಕಲ್ಲಿದ್ದಲನ್ನು ಬೆನ್ನ ಮೇಲೆ ಹೊತ್ತು ತರುವ ಹೆಂಗಸಿಗೆ ಇವಾವುವೂ ಇಲ್ಲ. ಅಂಥವರ ಚರಿತ್ರೆಯನ್ನು ಬರೆಯಹೊರಟವನು ಯಾವ ಪ್ರಮಾಣವನ್ನು ಆಶ್ರಯಿಸಬೇಕು? ದಾಖಲೆಯಲ್ಲಿ ಅವರ ದುಃಖ ಕಾಣದಿದ್ದರೆ, ದುಃಖವೇ ಇರಲಿಲ್ಲವೆಂದು ತೀರ್ಮಾನಿಸಬಹುದೆ?

ಈ ಪ್ರಶ್ನೆಯನ್ನು ಮುಂದಿಟ್ಟುಕೊಂಡು ಸ್ಕಾಟ್ಲೆಂಡ್ ದೇಶವನ್ನು ಕುರಿತ ಮೂರು ಇಂಗ್ಲಿಷ್ ಗ್ರಂಥಗಳನ್ನು ಇಲ್ಲಿ ಪರಾಮರ್ಶಿಸಲಾಗಿದೆ. ಮೊದಲನೆಯದು ಟಿ. ಸಿ. ಸ್ಮೌಟ್ ಅವರು 1969ರಲ್ಲಿ ಪ್ರಕಟಿಸಿದ ‘ಎ ಹಿಸ್ಟರಿ ಆಫ್ ದಿ ಸ್ಕಾಟಿಷ್ ಪೀಪಲ್’. ಇದು 1560ರಿಂದ 1830ರವರೆಗಿನ ಕಾಲವನ್ನು ವ್ಯಾಪಿಸಿದೆ. ಎರಡನೆಯದು ಅವರೇ 1986ರಲ್ಲಿ ಬರೆದ ಮುಂದಿನ ಭಾಗ. ಅದು 1950ರವರೆಗೆ ಬರುವುದು. ಮೂರನೆಯದು ಟಿ. ಎಂ. ಡಿವೈನ್ ಅವರ ‘ದಿ ಸ್ಕಾಟಿಷ್ ಕ್ಲಿಯರೆನ್ಸಸ್’, 2018ರದು, ಒಕ್ಕಲೆಬ್ಬಿಸಲ್ಪಟ್ಟವರ ಚರಿತ್ರೆ. 1801ರ ಜನಗಣತಿಯಲ್ಲಿ ಹದಿನಾರು ಲಕ್ಷ ಜನರಿದ್ದ ಈ ಸಣ್ಣ ದೇಶವು ತನ್ನ ಬಡಜನರ ವಿಷಯವಾಗಿ ಅಪಾರವಾದ ಕಾಗದಪತ್ರಗಳನ್ನು ಉಳಿಸಿಕೊಂಡಿದೆ. ಆದುದರಿಂದ ನಮ್ಮ ಪ್ರಶ್ನೆಯನ್ನು ಒರೆಗೆ ಹಚ್ಚಲು ಇದು ತಕ್ಕ ನಿದರ್ಶನ.

ಒರೆಗಲ್ಲು ಯಾವುದೆಂಬುದನ್ನು ಮೊದಲೇ ಹೇಳಿಬಿಡುವುದು ಲೇಸು. ಭಾಟ್ಟಮತದ ಮೀಮಾಂಸಕರೂ ಅದ್ವೈತಿಗಳೂ ಅನುಪಲಬ್ಧಿಯನ್ನು ಆರನೆಯ ಪ್ರಮಾಣವೆಂದು ಅಂಗೀಕರಿಸುವರು. ನೆಲದ ಮೇಲೆ ಗಡಿಗೆ ಕಾಣದಿದ್ದರೆ ಅಲ್ಲಿ ಗಡಿಗೆಯಿಲ್ಲವೆಂದು ತಿಳಿಯುತ್ತೇವೆ. ಆದರೆ ಅದಕ್ಕೊಂದು ನಿಬಂಧನೆಯುಂಟು: ಗಡಿಗೆ ಇದ್ದಿದ್ದರೆ ಕಾಣುವಷ್ಟು ಬೆಳಕು ಅಲ್ಲಿ ಇರಬೇಕು. ಕತ್ತಲೆಯಲ್ಲಿ ಕಾಣದ ಗಡಿಗೆಯನ್ನು ಇಲ್ಲವೆನ್ನುವುದು ಪ್ರಮಾಣವಾಗಲಾರದು. ಇದನ್ನೇ ಯೋಗ್ಯಾನುಪಲಬ್ಧಿಯೆಂದು ಕರೆದಿದ್ದಾರೆ. ಜನಸಾಮಾನ್ಯರ ಚರಿತ್ರಕಾರನಿಗೆ ಇದಕ್ಕಿಂತ ಉಪಯುಕ್ತವಾದ ಎಚ್ಚರಿಕೆ ಬೇರೊಂದಿಲ್ಲವೆಂದು ನಮ್ಮ ಅಭಿಪ್ರಾಯ.

ಸ್ಮೌಟ್ ಅವರ ಮೊದಲನೆಯ ಗ್ರಂಥದ ಹಿರಿಮೆಯು ಅದರ ವಿಸ್ತಾರದಲ್ಲಿದೆ. ಮತಸುಧಾರಣೆಯ ಕಾಲದಿಂದ ಯಂತ್ರೋದ್ಯಮದ ಕಾಲದವರೆಗೆ ರೈತ, ವರ್ತಕ, ನೇಕಾರ, ಗಣಿಯಾಳು, ಪಾದ್ರಿ, ಉಪಾಧ್ಯಾಯ ಇವರೆಲ್ಲರೂ ಅದರಲ್ಲಿ ಬಂದುಹೋಗುವರು. ಪ್ರತಿಯೊಂದು ಪ್ಯಾರಿಷ್ಷಿನಲ್ಲಿಯೂ, ಅಂದರೆ ಒಂದು ಇಗರ್ಜಿಗೆ ಸೇರಿದ ಗ್ರಾಮಮಂಡಲದಲ್ಲಿಯೂ, ಪಾದ್ರಿಯೂ ಊರ ಹಿರಿಯರೂ ಕೂಡಿ ‘ಕರ್ಕ್ ಸೆಷನ್’ ಎಂಬ ಸಭೆಯನ್ನು ನಡೆಸುತ್ತಿದ್ದರು. ಭಾನುವಾರದ ನಿಯಮವನ್ನು ಮುರಿದವರನ್ನು, ವ್ಯಭಿಚಾರ ಮಾಡಿದವರನ್ನು ಕರೆಸಿ ವಿಚಾರಿಸಿ, ಎಲ್ಲರೆದುರಿಗೆ ಪಶ್ಚಾತ್ತಾಪದ ಪೀಠದ ಮೇಲೆ ಕೂರಿಸುತ್ತಿದ್ದರು. ಕವಿ ರಾಬರ್ಟ್ ಬರ್ನ್ಸನೂ 1786ರಲ್ಲಿ ಇಂಥ ದಂಡನೆಗೆ ಗುರಿಯಾದವನೇ. ಆ ಸಭೆಗಳ ನಡಾವಳಿ ಪುಸ್ತಕಗಳು ಇಂದು ಬಡವರ ಬಾಳಿಗೆ ಮುಖ್ಯವಾದ ಸಾಕ್ಷ್ಯವಾಗಿವೆ. ಜನರನ್ನು ಹದ್ದಿನಲ್ಲಿಡಲೆಂದು ಬರೆದಿಟ್ಟ ಪುಸ್ತಕವೇ ಅವರ ಹೆಸರನ್ನು ಉಳಿಸಿದ್ದು ವಿಚಿತ್ರವಷ್ಟೆ. ಆದರೆ ಅಲ್ಲಿ ಕಾಣುವುದು ತಪ್ಪಿ ನಡೆದವರ ಬಾಳು ಮಾತ್ರ. ತಪ್ಪದೆ ನಡೆದು, ಹಸಿದು, ಸತ್ತವರು ಅದರಲ್ಲಿ ಸಿಕ್ಕುವುದು ಅಪರೂಪ.

ಕಲ್ಲಿದ್ದಲ ಗಣಿಯಾಳುಗಳ ವೃತ್ತಾಂತವನ್ನು ವಾಚಕರು ಗಮನವಿಟ್ಟು ಓದಬೇಕು. 1606ರ ಒಂದು ಕಾನೂನಿನಿಂದ ಗಣಿಯಾಳುಗಳೂ ಉಪ್ಪು ಬೇಯಿಸುವವರೂ ಒಡೆಯನ ಒಪ್ಪಿಗೆಯ ಪತ್ರವಿಲ್ಲದೆ ಬೇರೆಡೆಗೆ ಹೋಗಕೂಡದೆಂದಾಯಿತು. ಬಿಟ್ಟು ಹೋದವನು ಕಳ್ಳನ ಸಮಾನನಾದನು. ಮಗುವಿನ ನಾಮಕರಣದ ಸಮಯದಲ್ಲಿ ಒಡೆಯನು ಕೊಟ್ಟ ಕಾಣಿಕೆಯನ್ನು ತಂದೆ ತೆಗೆದುಕೊಂಡರೆ, ಆ ಮಗುವೂ ಗಣಿಗೆ ಕಟ್ಟುಬಿದ್ದಂತೆ. 1701ರಲ್ಲಿ ಅನ್ಯಾಯದ ಸೆರೆಯಿಂದ ಪ್ರಜೆಗಳನ್ನು ರಕ್ಷಿಸುವ ಕಾನೂನು ಬಂದಾಗ ಗಣಿಯಾಳುಗಳನ್ನು ಅದರಿಂದ ಹೊರಗಿಟ್ಟರು. 1775ರ ಕಾನೂನು ಕಟ್ಟನ್ನು ಸಡಿಲಿಸಿತು; ಪೂರ್ಣವಾದ ಬಿಡುಗಡೆ ದೊರೆತದ್ದು 1799ರಲ್ಲಿ. ಆಡಂ ಸ್ಮಿತ್ತನು ದೇಶಗಳ ಸಂಪತ್ತನ್ನು ಕುರಿತ ತನ್ನ ಮಹಾಗ್ರಂಥವನ್ನು 1776ರಲ್ಲಿ ಪ್ರಕಟಿಸಿದಾಗ ಅವನ ದೇಶಬಾಂಧವರಲ್ಲಿಯೇ ಈ ಜನ ಇನ್ನೂ ಪೂರ್ಣ ಸ್ವತಂತ್ರರಾಗಿರಲಿಲ್ಲ. ಹೆಂಗಸರೂ ಹುಡುಗಿಯರೂ ಕಲ್ಲಿದ್ದಲ ಹೊರೆಯನ್ನು ಬೆನ್ನ ಮೇಲೆ ಹೊತ್ತು ಏರುವುದು ನಿಂತುದು 1842ರ ಕಾನೂನು ಅವರನ್ನು ನೆಲದಡಿಯ ಕೆಲಸದಿಂದ ಬಿಡಿಸಿದ ಮೇಲೆ. ಜ್ಞಾನದ ಬೆಳಕಿನ ಕಾಲವೆಂದು ಹೊಗಳಿಸಿಕೊಂಡ ಶತಮಾನದಲ್ಲಿ ಇಂಥ ಕತ್ತಲೆಯೂ ಇತ್ತೆಂಬುದನ್ನು ಸ್ಮೌಟ್ ಅವರು ಮರೆಮಾಚಿಲ್ಲ. ಇದು ಅವರ ನಿಷ್ಪಕ್ಷಪಾತಕ್ಕೆ ಸಾಕ್ಷಿ.

ಇನ್ನು ಮೂಲ ಸಾಮಗ್ರಿಯ ವಿಚಾರ. ಹದಿನೆಂಟನೆಯ ಶತಮಾನದ ಕೊನೆಯ ಸ್ಕಾಟ್ಲೆಂಡನ್ನು ಕುರಿತು ಬರೆಯುವವರೆಲ್ಲರೂ ಸರ್ ಜಾನ್ ಸಿಂಕ್ಲೇರನಿಗೆ ಋಣಿಗಳು. ಅವನು ದೇಶದ ಒಂಬೈನೂರಕ್ಕೂ ಹೆಚ್ಚು ಪ್ಯಾರಿಷ್ಷುಗಳ ಪಾದ್ರಿಗಳಿಗೆ ನೂರ ಅರುವತ್ತಕ್ಕೆ ಮೀರಿದ ಪ್ರಶ್ನೆಗಳನ್ನು ಕಳುಹಿಸಿ, ಬಂದ ಉತ್ತರಗಳನ್ನು 1791ರಿಂದ 1799ರವರೆಗೆ 21 ಸಂಪುಟಗಳಲ್ಲಿ ಅಚ್ಚು ಹಾಕಿಸಿದನು. ಜನರ ಸುಖ ಎಷ್ಟಿದೆಯೆಂದು ಅಳೆಯುವುದು ತನ್ನ ಉದ್ದೇಶವೆಂದು ಹೇಳಿಕೊಂಡನು. ಊರಿನ ಕೂಲಿ, ಧಾನ್ಯದ ಬೆಲೆ, ಶಾಲೆ, ಜನನ ಮರಣ ಎಲ್ಲವೂ ಅದರಲ್ಲಿವೆ. ಆದರೆ ಶಬ್ದಪ್ರಮಾಣವು ಆಪ್ತವಾಕ್ಯವಾಗಬೇಕು. ಆಪ್ತನೆಂದರೆ ಇದ್ದುದನ್ನು ಇದ್ದಂತೆ ಅರಿತು ಇದ್ದಂತೆ ಹೇಳುವವನು. ಈ ಪಾದ್ರಿಗಳು ಅರಿತವರು ಹೌದು. ಇದ್ದಂತೆ ಹೇಳಲು ಸ್ವತಂತ್ರರಾಗಿದ್ದರೆ? 1712ರ ಕಾನೂನಿನ ಮೇರೆಗೆ ಬಹುಕಡೆ ಪಾದ್ರಿಯನ್ನು ನೇಮಕಕ್ಕೆ ಸೂಚಿಸುವ ಹಕ್ಕು ಊರಿನ ಜಮೀನುದಾರನದಾಗಿತ್ತು. ಅದು ರದ್ದಾದುದು 1874ರಲ್ಲಿ. ಅನ್ನ ಕೊಟ್ಟವನ ಸುಧಾರಣೆಯನ್ನು ಹಳಿದು ಬರೆಯುವ ಧೈರ್ಯ ಎಲ್ಲರಿಗೂ ಬರುವುದಿಲ್ಲ. ಸುಖವನ್ನು ಅಳೆದ ಸಿಂಕ್ಲೇರನೇ ಉತ್ತರದ ಕೇತ್ನೆಸ್ ಜಿಲ್ಲೆಗೆ ಚೆವಿಯಟ್ ಜಾತಿಯ ಕುರಿಗಳನ್ನು ತರಿಸಿದ ಜಮೀನುದಾರನೆಂಬುದನ್ನೂ ನೆನೆಯಬೇಕು. ಅದೇ ಜಾತಿಯ ಕುರಿಗಳಿಗೆ ಹುಲ್ಲುಗಾವಲು ಬೇಕೆಂದು ಮುಂದೆ ನೆರೆಯ ಜಿಲ್ಲೆಯಲ್ಲಿ ಸಾವಿರಾರು ಜನ ಮನೆ ಬಿಟ್ಟರು.

ಆ ನೆರೆಯ ಜಿಲ್ಲೆಯೇ ಸದರ್ಲೆಂಡ್. 1807ರಿಂದ 1821ರವರೆಗೆ ಅಲ್ಲಿಯ ಕಣಿವೆಗಳ ಒಕ್ಕಲುಗಳನ್ನು ಎಬ್ಬಿಸಿ ಕಡಲ ತಡಿಗೆ ಅಟ್ಟಿದರು. 1814ರಲ್ಲಿ ಸ್ಟ್ರಾತ್‌ನೇವರ್ ಕಣಿವೆಯಲ್ಲಿ ಮನೆಗಳಿಗೆ ಬೆಂಕಿಯಿಟ್ಟರೆಂಬ ಆಪಾದನೆಯ ಮೇಲೆ ಪಾರುಪತ್ಯಗಾರ ಪ್ಯಾಟ್ರಿಕ್ ಸೆಲ್ಲರನ ವಿಚಾರಣೆ 1816ರಲ್ಲಿ ಇನ್ವರ್ನೆಸ್ಸಿನಲ್ಲಿ ನಡೆಯಿತು. ಅವನು ನಿರ್ದೋಷಿಯೆಂದು ತೀರ್ಪಾಯಿತು. ಜಮೀನಿನ ಮೇಲ್ವಿಚಾರಕ ಜೇಮ್ಸ್ ಲಾಕನು 1820ರಲ್ಲಿ ಈ ಕಾರ್ಯವನ್ನೆಲ್ಲ ಸುಧಾರಣೆಯೆಂದು ವರ್ಣಿಸಿ ಪುಸ್ತಕ ಬರೆದನು. ಅದೇ ಕಣಿವೆಯಲ್ಲಿ ಹುಟ್ಟಿದ ಕಲ್ಲುಕುಟಿಗ ಡೊನಾಲ್ಡ್ ಮೆಕ್ಲೌಡನು ತಾನು ಕಂಡುದನ್ನು ಪತ್ರಿಕೆಗೆ ಬರೆದದ್ದು 1840–41ರಲ್ಲಿ, ಊರು ಬಿಟ್ಟು ಎಡಿನ್‌ಬರೋ ನಗರಕ್ಕೆ ಹೋದ ಮೇಲೆ. ಮೇಲ್ವಿಚಾರಕನ ಮಾತು ಕೂಡಲೇ ಪುಸ್ತಕವಾಯಿತು. ಕುಟಿಗನ ಮಾತಿಗೆ ಇನ್ನೂ ಇಪ್ಪತ್ತು ವರ್ಷ ಬೇಕಾಯಿತು. ಆ ಇಪ್ಪತ್ತು ವರ್ಷದ ಮೌನವನ್ನು ಸಮ್ಮತಿಯೆಂದು ತಿಳಿದವನು ಎಂಥ ಪ್ರಮಾದಕ್ಕೆ ಒಳಗಾಗುತ್ತಿದ್ದನು!

ಮೌನದ ಕಾರಣವೇನೆಂಬುದು 1883ರಲ್ಲಿ ಬಹಿರಂಗವಾಯಿತು. ಸ್ಕೈ ದ್ವೀಪದಲ್ಲಿ ಒಕ್ಕಲುಗಳಿಗೂ ಪೊಲೀಸರಿಗೂ ಹಿಂದಿನ ವರ್ಷ ಹೊಡೆದಾಟವಾಗಿ, ಸರ್ಕಾರವು ನೇಪಿಯರ್ ಪ್ರಭುವಿನ ಅಧ್ಯಕ್ಷತೆಯಲ್ಲಿ ಒಂದು ಆಯೋಗವನ್ನು ನೇಮಿಸಿತು. ಈ ನೇಪಿಯರನು 1866ರಿಂದ 1872ರವರೆಗೆ ಮದ್ರಾಸಿನ ಗವರ್ನರನಾಗಿದ್ದವನು. ಬಳ್ಳಾರಿ ಮತ್ತು ದಕ್ಷಿಣ ಕನ್ನಡ ಜಿಲ್ಲೆಗಳು ಆಗ ಅವನ ಆಡಳಿತಕ್ಕೆ ಒಳಪಟ್ಟಿದ್ದುವು. ರೈತನೊಡನೆ ಸರ್ಕಾರವೇ ನೇರವಾಗಿ ಕಂದಾಯ ಗೊತ್ತುಮಾಡುವ ಏರ್ಪಾಟನ್ನು ಅವನು ಇಲ್ಲಿ ಕಂಡಿದ್ದನು. ಆಯೋಗವು 61 ಸ್ಥಳಗಳಲ್ಲಿ ಕುಳಿತು 775 ಜನರ ಹೇಳಿಕೆ ಪಡೆಯಿತು. ಮೊದಲನೆಯ ಸಾಕ್ಷಿ ಸ್ಕೈ ದ್ವೀಪದ ಬ್ರೇಸ್ ಎಂಬ ಊರಿನ ಆಂಗಸ್ ಸ್ಟುವರ್ಟ್. ಗೇಲಿಕ್ ಭಾಷೆಯಲ್ಲಿ ಅವನು ಮೊದಲು ಕೇಳಿದ್ದು ಒಂದೇ: ಇಲ್ಲಿ ನಿಜವನ್ನು ನುಡಿದುದಕ್ಕಾಗಿ ತನ್ನನ್ನು ಒಕ್ಕಲೆಬ್ಬಿಸುವುದಿಲ್ಲವೆಂಬ ಅಭಯ. ಅಂಥ ಪೂರ್ಣವಾದ ಅಭಯವನ್ನು ತಾನು ಕೊಡಲಾರೆನೆಂದು ಅಧ್ಯಕ್ಷನೇ ಹೇಳಬೇಕಾಯಿತು. ರಾಜಶಾಸನದಿಂದ ಬಂದವನೂ ಅಭಯ ಕೊಡಲಾರದ ಕಡೆ ಬಡವನು ಮೊದಲೇ ಏಕೆ ಬಾಯಿ ಬಿಡಲಿಲ್ಲವೆಂದು ಕೇಳುವುದು ಸಲ್ಲದು. ಆ ಸಾಕ್ಷ್ಯಗಳ ಫಲವಾಗಿ 1886ರ ಕಾನೂನು ಬಂದು, ಉತ್ತರದ ಏಳು ಜಿಲ್ಲೆಗಳ ಸಣ್ಣ ಹಿಡುವಳಿದಾರರಿಗೆ ಸ್ಥಿರವಾದ ಹಕ್ಕು, ನ್ಯಾಯವಾದ ಗೇಣಿ, ಮಕ್ಕಳಿಗೆ ಹಿಡುವಳಿಯನ್ನು ಬಿಟ್ಟುಹೋಗುವ ಅಧಿಕಾರ ದೊರೆತುವು.

ಇಲ್ಲಿಯೇ ಡಿವೈನ್ ಅವರ ಗ್ರಂಥದ ಪ್ರಯೋಜನ. ಉತ್ತರದ ಬೆಟ್ಟನಾಡಿನ ಕಥೆಯನ್ನು ಲೋಕವೆಲ್ಲ ಬಲ್ಲುದು. ಗೇಲಿಕ್ ಹಾಡುಗಳು ಅದನ್ನು ಉಳಿಸಿದುವು, ಕೆನಡಾಕ್ಕೆ ಹೋದವರು ಮಕ್ಕಳಿಗೆ ಹೇಳಿದರು. ಆದರೆ ದಕ್ಷಿಣದ ತಗ್ಗುನಾಡಿನಲ್ಲಿ ‘ಕಾಟರ್’ ಎಂಬ ವರ್ಗವೊಂದಿತ್ತು. ದೊಡ್ಡ ಒಕ್ಕಲಿನ ಹೊಲದಲ್ಲಿ ದುಡಿದು, ಅದಕ್ಕೆ ಬದಲಾಗಿ ಒಂದು ಗುಡಿಸಲು, ಒಂದು ತುಂಡು ನೆಲ, ಹಸುವಿಗೆ ಮೇವು ಪಡೆದು ಬದುಕುತ್ತಿದ್ದವರು. 1760ರ ದಶಕದಿಂದ ಈಚೆಗೆ ಜಮೀನುಗಳನ್ನು ಒಗ್ಗೂಡಿಸಿ ಒಬ್ಬೊಬ್ಬ ರೈತನಿಗೆ ಗುತ್ತಿಗೆ ಕೊಡುತ್ತ ಬಂದಾಗ ಈ ವರ್ಗವು ಎರಡು ಮೂರು ತಲೆಮಾರುಗಳಲ್ಲಿ ಬಹುಮಟ್ಟಿಗೆ ಇಲ್ಲವಾಯಿತು. 1724ರಲ್ಲಿ ಗ್ಯಾಲೊವೇ ಪ್ರಾಂತದ ಜನ ದನಗಳಿಗಾಗಿ ಕಟ್ಟಿದ ಬೇಲಿಗೋಡೆಗಳನ್ನು ಕೆಡವಿ ದಂಗೆಯೆದ್ದರು. ಆಮೇಲೆ ಅಂಥ ದೊಡ್ಡ ಕೋಲಾಹಲವಿಲ್ಲ, ಹಾಡೂ ಇಲ್ಲ, ಆಯೋಗವೂ ಇಲ್ಲ. ಸ್ಮೌಟ್ ಅವರು ದಕ್ಷಿಣದ ರೈತನ ಬಾಳು ಮಾರ್ಪಟ್ಟುದನ್ನು ಬಲ್ಲರು, ವಿವರಿಸಿಯೂ ಇದ್ದಾರೆ. ಆದರೆ ಅವರ ಗ್ರಂಥದಲ್ಲಿ ಅದು ದೇಶದ ಅಭಿವೃದ್ಧಿಯ ಕಥೆಗೆ ಅಂಗವಾಗಿ ಬರುವುದು; ಗುಡಿಸಲು ಬಿಟ್ಟುಹೋದವನ ಕಡೆಯಿಂದ ಬರುವುದಿಲ್ಲ.

ವಿಶೇಷವೇನೆಂದರೆ, ಡಿವೈನ್ ಅವರ ಸಾಕ್ಷ್ಯವು ಬಹಳಷ್ಟು ಮಟ್ಟಿಗೆ ಹೊಸದಲ್ಲ. ಸಿಂಕ್ಲೇರನ ಸಂಪುಟಗಳಲ್ಲಿಯೇ ಕೆಲವು ಪಾದ್ರಿಗಳು ತಮ್ಮ ಊರಿನ ಜನಸಂಖ್ಯೆ ಏಕೆ ಇಳಿಯಿತೆಂಬ ಪ್ರಶ್ನೆಗೆ ಉತ್ತರವಾಗಿ, ಕಾಟರರ ಗುಡಿಸಲುಗಳು ಕೆಡವಲ್ಪಟ್ಟುವೆಂದು ಬರೆದಿದ್ದರು. ಜಮೀನುದಾರನನ್ನು ದೂರುವ ಅಭಿಪ್ರಾಯದಿಂದ ಬರೆದುದಲ್ಲ. ಲೆಕ್ಕ ಕೇಳಿದಾಗ ಕಾರಣ ಹೇಳಿದರು. ಬೇರೆ ತಾತ್ಪರ್ಯದಿಂದ ಆಡಿದ ಮಾತಿನಲ್ಲಿ ನುಸುಳಿ ಬಂದ ಇಂಥ ಸಂಗತಿಗೆ ಬೆಲೆ ಹೆಚ್ಚು. ಗಡಿಗೆ ಅಲ್ಲಿಯೇ ಇತ್ತು. ದೀಪವನ್ನು ಆ ಕಡೆಗೆ ಹಿಡಿದವರು ಕಡಮೆ. ಕಾನೂನೂ ಕೂಗು ಕೇಳಿದ ಕಡೆಗೇ ಹೋಯಿತೆಂಬುದನ್ನು ಗಮನಿಸಬೇಕು. 1886ರ ರಕ್ಷಣೆ ತಗ್ಗುನಾಡಿನ ಕೂಲಿಯವನಿಗೆ ದೊರೆಯಲಿಲ್ಲ. ಉತ್ತರದಲ್ಲಿ ಹಳೆಯ ನೆನಪೇ ಬಲವಾಗಿ, 1997ರಲ್ಲಿ ಎಗ್ ದ್ವೀಪದ ನಿವಾಸಿಗಳು ತಮ್ಮ ದ್ವೀಪವನ್ನು ಸಮುದಾಯದ ಒಡೆತನಕ್ಕೆ ಕೊಂಡುಕೊಂಡರು; ಗ್ರಾಮಸಮುದಾಯಗಳು ನೆಲವನ್ನು ಕೊಳ್ಳುವ ಹಕ್ಕನ್ನು 2003ರ ಕಾನೂನು ಸ್ಥಾಪಿಸಿತು. ನೆನಪಿಗೂ ನೆಲಕ್ಕೂ ಇಷ್ಟು ಹತ್ತಿರದ ಸಂಬಂಧವಿರುವಾಗ, ಚರಿತ್ರಕಾರನು ಯಾರನ್ನು ಮರೆತನೆಂಬುದು ಪಂಡಿತರ ಚರ್ಚೆ ಮಾತ್ರವಾಗಿ ಉಳಿಯದು.

ಡಿವೈನ್ ಅವರ ಪಕ್ಷದಲ್ಲಿಯೂ ಒಂದು ಆಕ್ಷೇಪಕ್ಕೆ ಅವಕಾಶವುಂಟು. ಉತ್ತರ ದಕ್ಷಿಣಗಳೆರಡಕ್ಕೂ ಒಕ್ಕಲೆಬ್ಬಿಸುವಿಕೆಯೆಂಬ ಒಂದೇ ಪದವನ್ನು ಹಚ್ಚುವುದರಿಂದ ಭೇದವು ಮಸಕಾಗುವುದು. ತಗ್ಗುನಾಡಿನವನಿಗೆ ಹತ್ತಿರದ ಪೇಟೆಯಲ್ಲಿ ಮಗ್ಗವೋ ಗಿರಣಿಯೋ ದೊರೆಯಿತು; ಅವನ ನುಡಿ ಅಲ್ಲಿಯೂ ನಡೆಯುತ್ತಿತ್ತು. ಬೆಟ್ಟನಾಡಿನವನು ನೆಲದೊಡನೆ ನುಡಿಯನ್ನೂ ಕಳೆದುಕೊಂಡನು. 1872ರ ವಿದ್ಯಾಭ್ಯಾಸದ ಕಾನೂನು ಗೇಲಿಕ್ ಭಾಷೆಗೆ ಸ್ಥಾನವನ್ನೇ ಕೊಡಲಿಲ್ಲ. ಪ್ರತಿ ಪ್ಯಾರಿಷ್ಷಿನಲ್ಲಿಯೂ ಶಾಲೆಯಿರಬೇಕೆಂದು 1696ರಲ್ಲಿಯೇ ವಿಧಿಸಿದ ದೇಶವೆಂದು ಅದನ್ನು ಕೊಂಡಾಡುವವರು, ಮಗುವು ಮನೆಯಲ್ಲಿ ಆಡುವ ಮಾತು ಶಾಲೆಯ ಬಾಗಿಲಲ್ಲಿ ಏನಾಯಿತೆಂಬುದನ್ನೂ ಕೇಳಬೇಕು. ಪಾಠ ಹೇಳಿ ವಯಸ್ಸು ಕಳೆದವರಿಗೆ ಈ ಪ್ರಶ್ನೆ ಎಲ್ಲಕ್ಕಿಂತ ಮೊದಲು ತೋರುವುದು ಸಹಜ.

ಸ್ಮೌಟ್ ಅವರ ಎರಡನೆಯ ಗ್ರಂಥವನ್ನು ಕುರಿತು ಎರಡು ಮಾತು ಸಾಕು. ಹಡಗು, ಉಕ್ಕು, ಕಲ್ಲಿದ್ದಲುಗಳಿಂದ ಲೋಕಪ್ರಸಿದ್ಧವಾದ ದೇಶದಲ್ಲಿ, 1861ರ ಗಣತಿಯಂತೆ, ಮನೆಗಳಲ್ಲಿ ಸುಮಾರು ಮೂರರಲ್ಲೊಂದು ಒಂದೇ ಕೋಣೆಯದು. ಇಷ್ಟು ಸಂಪತ್ತಿನ ನಡುವೆ ಇಂಥ ವಸತಿಯನ್ನು ಸಮಾಜವು ಹೇಗೆ ಸಹಿಸಿತೆಂಬ ಪ್ರಶ್ನೆಯು ಗ್ರಂಥದುದ್ದಕ್ಕೂ ನಡೆಯುವುದು. ಮೊದಲನೆಯ ಗ್ರಂಥದಲ್ಲಿ ಇಲ್ಲದ ನೈತಿಕವಾದ ಬಿಸಿಯು ಇದರಲ್ಲಿ ಕಾಣುವುದು. 1915ರಲ್ಲಿ ಗ್ಲಾಸ್ಗೋ ನಗರದ ಹೆಂಗಸರು, ಮೇರಿ ಬಾರ್ಬರಳಂಥವರ ಮುಂದಾಳುತನದಲ್ಲಿ, ಏರಿಸಿದ ಬಾಡಿಗೆಯನ್ನು ಕೊಡೆವೆಂದು ನಿಂತರು. ಅದೇ ವರ್ಷ ಬಾಡಿಗೆಯನ್ನು ತಡೆಯುವ ಕಾನೂನು ಬಂದಿತು. ಅಲ್ಲಿಯೂ ಮಾತು ಹೊರಟ ಮೇಲೆಯೇ ನ್ಯಾಯ.

ಒಟ್ಟಿನಲ್ಲಿ, ದೇಶದ ಸಾಮಾನ್ಯ ಜನರ ಬಾಳನ್ನು ಆದ್ಯಂತವಾಗಿ ತಿಳಿಯಬಯಸುವವರು ಸ್ಮೌಟ್ ಅವರ ಎರಡು ಗ್ರಂಥಗಳನ್ನು ಮೊದಲು ಓದಬೇಕು. ಓದಿದ ಮೇಲೆ ಅವುಗಳ ಬೆಳಕು ಎಲ್ಲಿ ಮಂದವಾಗಿದೆಯೆಂದು ತಿಳಿಯಲು ಡಿವೈನ್ ಅವರನ್ನು ಓದಬೇಕು. ಭಾಷೆ ಮೂರರಲ್ಲಿಯೂ ತಿಳಿಯಾಗಿದೆ. ಇಂಗ್ಲಿಷ್ ಬಲ್ಲ ಮನೆಗಳಲ್ಲಿ ಹಿರಿಯರೂ ಕಾಲೇಜಿನ ಮಕ್ಕಳೂ ಕೂಡಿ ಓದಬಹುದಾದ ಪುಸ್ತಕಗಳಿವು. ಹಳೆಯ ಕಡತವನ್ನು ಬಿಚ್ಚಿದಾಗ, ಇದರಲ್ಲಿ ಏನು ಬರೆದಿದೆಯೆಂದು ಕೇಳುವುದರ ಜೊತೆಗೆ, ಇದರಲ್ಲಿ ಬರೆಯಿಸಲು ಯಾರಿಗೆ ಧೈರ್ಯವಿರಲಿಲ್ಲವೆಂದೂ ಕೇಳುವ ಅಭ್ಯಾಸವನ್ನು ಇವು ಕಲಿಸುವುವು. ತಮ್ಮ ಜಿಲ್ಲೆಯ ಚರಿತ್ರೆಯನ್ನು ಬರೆಯಲು ತೊಡಗಿರುವ ನಮ್ಮ ಮಿತ್ರರಿಗೆ ಈ ಅಭ್ಯಾಸವು ಅವಶ್ಯವೆಂದು ಸೂಚಿಸಿ ವಿರಮಿಸುತ್ತೇವೆ.