ಬಾವಲಿಯ ಮೇಲಿನ ಅಪವಾದ: ‘ವೈರಸ್’ ಚಿತ್ರವನ್ನು ಕುರಿತು

2018ರ ಮೇ ತಿಂಗಳಿನಲ್ಲಿ ಕೇರಳದ ಕೋಳಿಕೋಡು ಜಿಲ್ಲೆಯಲ್ಲಿ ತಲೆದೋರಿದ ಜ್ವರವು ‘ನಿಪಾ’ ಎಂಬುದನ್ನು ಮೊದಲು ಕಂಡುಹಿಡಿದುದು ನಮ್ಮ ಮಣಿಪಾಲದ ವೈರಸ್ ಸಂಶೋಧನಾ ಕೇಂದ್ರ. ದೃಢಪಡಿಸಿದುದು ಪುಣೆಯ ರಾಷ್ಟ್ರೀಯ ವೈರಾಣು ಸಂಸ್ಥೆ. ಆ ದಿನಗಳನ್ನು ಕುರಿತು ಆಶಿಕ್ ಅಬು ನಿರ್ದೇಶಿಸಿದ ಮಲಯಾಳ ಚಿತ್ರ ‘ವೈರಸ್’ 2019ರಲ್ಲಿ ತೆರೆಕಂಡಿತು. ಬಾವಲಿ ಚೀಪಿ ಬೀಳಿಸಿದ ಅಡಿಕೆಯನ್ನು ಹೆಕ್ಕಿ ತರುವ ಇನ್ನಂಜೆಯ ಕಡೆಯ ನಮಗೆ ಅದು ಹೊರನಾಡಿನ ಕಥೆಯೆನಿಸದು.

ಆಸ್ಪತ್ರೆಯೊಳಗೆ ರೋಗವು ಒಬ್ಬರಿಂದೊಬ್ಬರಿಗೆ ದಾಟಿದ ಬಗೆಯನ್ನೂ ದಾದಿಯರ ಧೈರ್ಯವನ್ನೂ ಚಿತ್ರ ಸಂಯಮದಿಂದ ತೋರಿಸಿದೆ. ಆಕ್ಷೇಪವಿರುವುದು ಬೇರೆಡೆ. ರೋಗವನ್ನು ಯಾರೋ ಬೇಕೆಂದೇ ಹರಡಿರಬಹುದೆಂಬ ಸಂಶಯವನ್ನು ಕಥೆ ಎತ್ತುತ್ತದೆ. ಇಂಥ ಸಂಶಯಕ್ಕೆ ಗಟ್ಟಿಯಾದ ಉತ್ತರವಿರುವುದು ವೈರಾಣುವಿನ ಜೀನೋಮಿನಲ್ಲಿ. ಚಿತ್ರದಲ್ಲಿ ಅದಕ್ಕೆ ದೊರೆತ ಸ್ಥಳ ಅತ್ಯಲ್ಪ. ನಿಪಾದ ಜೀನೋಮ್ ಎಂದರೆ ಸುಮಾರು 18,200 ಅಕ್ಷರಗಳ ಒಂದು ಬರಹ. ರೋಗಿಗಳಿಂದಲೂ ಆ ಪ್ರದೇಶದ ಹಣ್ಣು ತಿನ್ನುವ ದೊಡ್ಡ ಬಾವಲಿಗಳಿಂದಲೂ ದೊರೆತ ಬರಹಗಳನ್ನು ಹೋಲಿಸಿ ಓದಿದಾಗ ಅವು ಶೇಕಡಾ 99ಕ್ಕೂ ಮಿಕ್ಕಿ ಹೊಂದಿದವು. ಮನುಷ್ಯನ ಮೇಲಿನ ಅಪವಾದಕ್ಕೆ ಅಲ್ಲಿಗೆ ಆಧಾರ ತಪ್ಪಿತು. ಬಾವಲಿಗಳಲ್ಲಿಯೂ ಭೇದವುಂಟು. ಜನರು ಮೊದಲು ದೂರಿದುದು ರೋಗ ಹೊಕ್ಕ ಮನೆಯ ಬಾವಿಯಲ್ಲಿದ್ದ ಬಾವಲಿಗಳನ್ನು. ಅವು ಕೀಟಭಕ್ಷಕಗಳು, ಪರೀಕ್ಷೆಯಲ್ಲಿ ನಿರ್ದೋಷಿಗಳಾದವು.

ಆದರೆ ಮೊದಲ ರೋಗಿಗೆ ವೈರಾಣು ಯಾವ ಬಗೆಯಲ್ಲಿ ದಾಟಿತೆಂಬುದನ್ನು ಜೀನೋಮ್ ಹೇಳದು, ಅದು ಇತ್ಯರ್ಥವಾಗಿಲ್ಲ. ಈ ತೆರಪನ್ನು ಚಿತ್ರ ಕಲ್ಪನೆಯಿಂದ ತುಂಬಿದೆ: ಕೊನೆಯಲ್ಲಿ ಆ ಯುವಕ ನೆಲಕ್ಕೆ ಬಿದ್ದ ಬಾವಲಿಮರಿಯನ್ನು ಕೈಗೆತ್ತಿಕೊಳ್ಳುತ್ತಾನೆ. ದೃಶ್ಯ ಹೃದ್ಯವಾಗಿದೆ, ನಾನೂ ಕಣ್ಣೊರೆಸಿಕೊಂಡೆ. ಆದರೂ ಸಾಕ್ಷ್ಯ ಮುಗಿದೆಡೆಯಲ್ಲಿ ಕರುಣೆಯನ್ನೇ ರೋಗಮೂಲವಾಗಿ ನಿಲ್ಲಿಸಿದುದು ನ್ಯಾಯವೆನಿಸಲಿಲ್ಲ. ದಯೆಯ ಜೊತೆಯಲ್ಲೇ ಯತ್ನಾಚಾರವನ್ನೂ ಕೇಳಿಕೊಂಡು ಬಂದವರು ನಾವು. ಆ ಯುವಕನಲ್ಲಿ ಕೊರತೆಯಾದುದು ಎಚ್ಚರ ಮಾತ್ರ. ಪ್ರೇಕ್ಷಕರು ಮನೆಗೆ ಒಯ್ಯುವುದಾದರೋ ಬಾವಲಿಯ ಭಯವನ್ನು. ಆ ಭಯಕ್ಕೆ ಮೊದಲು ಬಲಿಯಾಗುವುದು ತೋಟದ ಅಂಚಿನ ಹಳೆಯ ಮರಗಳು.

ಸಂಶೋಧನೆಯೂ ಈ ಪ್ರಶ್ನೆಗೆ ಹೊರತಲ್ಲ. ಅಂಗಾಂಗಗಳ ಪರೀಕ್ಷೆಗೆ ಬಾವಲಿಯನ್ನು ಕೊಲ್ಲಬೇಕಾಗುತ್ತದೆ. ಗಂಟಲಿನ ದ್ರವವನ್ನು ಹತ್ತಿಯಲ್ಲಿ ತೆಗೆದು ಹಾರಿಬಿಡಲೂಬಹುದು. ಇನ್ನೂ ಸೌಮ್ಯವಾದುದೆಂದರೆ, ಅವು ತಂಗುವ ಮರದಡಿ ಪ್ಲಾಸ್ಟಿಕ್ ಹಾಸಿ, ಬಿದ್ದ ಮೂತ್ರವನ್ನು ಸಂಗ್ರಹಿಸುವ ಕ್ರಮ. ಬಾಂಗ್ಲಾದೇಶದಲ್ಲಿ ಹೀಗೆಯೇ ಮಾಡಿ ನಿಪಾದ ಪೂರ್ಣ ಜೀನೋಮನ್ನು ಓದಿದ್ದಾರೆ. ಮರ ಕಡಿಯದೆ, ಜೀವ ತೆಗೆಯದೆ ನಡೆಯುವ ಈ ಕಾಯುವಿಕೆಗೆ ಎರಡೂವರೆ ಗಂಟೆಯ ಚಿತ್ರದಲ್ಲಿ ಎಡೆ ದೊರೆತಿಲ್ಲ.